ಹೆಂಚಿನ ಮೇಲೆ ಒಡೆಯದ ಕಾಳು–ಆಲೂಗಡ್ಡೆ ಟಿಕ್ಕಿ: ಐದು ಭಾನುವಾರಗಳ ಅಡುಗೆ ದಾಖಲೆ

ಕಾಳು ಮತ್ತು ಆಲೂಗಡ್ಡೆಯನ್ನು ಬೇಯಿಸಿ, ಹಿಸುಕಿ, ಮಸಾಲೆ ಬೆರೆಸಿ, ಬಿಲ್ಲೆಯಾಗಿ ತಟ್ಟಿ, ಹೆಂಚಿನ ಮೇಲೆ ಕೆಂಪಗೆ ಮಾಡುವುದು ಎಂದು ಟಿಕ್ಕಿಯ ವಿಧಾನವನ್ನು ಒಂದೇ ವಾಕ್ಯದಲ್ಲಿ ಹೇಳಿ ಮುಗಿಸಬಹುದು. ಆ ವಾಕ್ಯವನ್ನು ನಂಬಿ ಮಾಡಹೊರಟಾಗ ನನ್ನ ಟಿಕ್ಕಿಗಳು ಮಗುಚುವ ಮೊದಲೇ ಒಡೆದು ಚೂರಾದವು. ಎಲ್ಲಿ ತಪ್ಪಿದೆ ಎಂದು ತಿಳಿಯುವುದಕ್ಕಾಗಿ ಡಿಸೆಂಬರ್ ಮೊದಲ ವಾರದಿಂದ ಜನವರಿ ಕೊನೆಯ ವಾರದವರೆಗೆ ಅದನ್ನು ಐದು ಸಲ ಮಾಡಿದೆ. ಎರಡನೆಯ ಸಲದಿಂದ ಪ್ರತಿಯೊಂದು ಪದಾರ್ಥವನ್ನೂ ತಕ್ಕಡಿಯಲ್ಲಿ ತೂಗಿ ಬರೆದಿಟ್ಟುಕೊಂಡೆ. ಆ ಟಿಪ್ಪಣಿಗಳನ್ನು ಇಲ್ಲಿ ವಿಸ್ತರಿಸಿ ಕೊಡುತ್ತಿದ್ದೇನೆ.

ಮೊದಲು ಹೆಸರಿನ ವಿಷಯ ಸ್ಪಷ್ಟವಾಗಿರಲಿ. ರಸ್ಕ್ ಪುಡಿಯಲ್ಲಿ ಹೊರಳಿಸಿ ಎಣ್ಣೆಯಲ್ಲಿ ಕರಿದದ್ದನ್ನು ನಮ್ಮಲ್ಲಿ ಕಟ್ಲೆಟ್ ಎನ್ನುತ್ತಾರೆ. ಅದರ ಹೊರಗಿನ ಪುಡಿಯ ಕವಚವೇ ಒಳಗಿನದನ್ನು ಹಿಡಿದಿಡುವುದರಿಂದ ಮಿಶ್ರಣ ಸ್ವಲ್ಪ ಸಡಿಲವಾಗಿದ್ದರೂ ನಡೆಯುತ್ತದೆ. ಟಿಕ್ಕಿಗೆ ಅಂತಹ ಕವಚವಿಲ್ಲ. ಸ್ವಲ್ಪ ಎಣ್ಣೆ ಸವರಿದ ಹೆಂಚಿನ ಮೇಲೆ ಅದು ತನ್ನ ಹದದ ಬಲದಿಂದಲೇ ನಿಲ್ಲಬೇಕು. ನಾನು ಮಾಡಬೇಕೆಂದಿದ್ದದ್ದು ಟಿಕ್ಕಿಯನ್ನು, ಅದೂ ಕಾಳಿನ ರುಚಿ ಆಲೂಗಡ್ಡೆಯಲ್ಲಿ ಮುಳುಗಿಹೋಗದಂತಹ ಟಿಕ್ಕಿಯನ್ನು.

ಮೊದಲ ಸಲ, ಡಿಸೆಂಬರ್ 7

ರಾಜ್ಮಾ 150 ಗ್ರಾಂ, ಆಲೂಗಡ್ಡೆ ಅರ್ಧ ಕಿಲೋ. ರಾಜ್ಮಾವನ್ನು ಬೆಳಗ್ಗೆ ನೆನೆಹಾಕಿ, ಐದು ಗಂಟೆಯ ನಂತರ ಕುಕ್ಕರಿನಲ್ಲಿ ಮೂರು ಕೂಗು ಕೂಗಿಸಿದೆ. ಆಲೂಗಡ್ಡೆಯ ಸಿಪ್ಪೆ ಹೆರೆದು, ಬೇಗ ಬೇಯಲೆಂದು ಹೋಳು ಮಾಡಿ, ನೀರಿನಲ್ಲಿ ಮುಳುಗಿಸಿ ಬೇಯಿಸಿದೆ. ಎರಡನ್ನೂ ಬಿಸಿ ಇರುವಾಗಲೇ ಹಿಸುಕಿ, ಹಸಿ ಈರುಳ್ಳಿ, ತೊಳೆದ ಕೊತ್ತಂಬರಿ ಸೊಪ್ಪು, ಮಸಾಲೆ ಪುಡಿಗಳು, ಉಪ್ಪು, ಅರ್ಧ ನಿಂಬೆಹಣ್ಣಿನ ರಸ ಎಲ್ಲವನ್ನೂ ಒಟ್ಟಿಗೆ ಬೆರೆಸಿದೆ. ಮಿಶ್ರಣ ಆಗಲೇ ಅಂಗೈಗೆ ಅಂಟುತ್ತಿತ್ತು. ಕೈಗೆ ಎಣ್ಣೆ ಹಚ್ಚಿಕೊಂಡು ಹೇಗೋ ತಟ್ಟಿದೆ. ಸ್ಟೀಲ್ ಬಾಣಲೆಯಲ್ಲಿ ಎಣ್ಣೆ ಕಾಯಿಸಿ ನಾಲ್ಕು ಬಿಲ್ಲೆಗಳನ್ನು ಇಟ್ಟೆ. ಒಂದೂವರೆ ನಿಮಿಷಕ್ಕೆ ಮಗುಚಲು ಹೋದಾಗ ತಳ ಬಾಣಲೆಯಲ್ಲೇ ಉಳಿದು ಮೇಲಿನ ಭಾಗ ಮಾತ್ರ ಕೈಗೆ ಬಂತು. ಎಣ್ಣೆಯ ತುಂಬ ಚೂರುಗಳು ತೇಲಿದವು. ಉಳಿದ ಮಿಶ್ರಣವನ್ನು ಚಪಾತಿಯೊಳಗೆ ತುಂಬಿ ಪರೋಟ ಮಾಡಿ ಮುಗಿಸಬೇಕಾಯಿತು.

ಚೂರುಗಳನ್ನು ತಟ್ಟೆಗೆ ಹಾಕಿ ನೋಡಿದಾಗ ಎರಡು ಸಂಗತಿಗಳು ಕಂಡವು. ಬಿರುಕುಗಳು ಬಹುಪಾಲು ರಾಜ್ಮಾ ಕಾಳಿನ ಪಕ್ಕದಿಂದಲೇ ಹೊರಟಿದ್ದವು. ಒಂದನ್ನು ಬೆರಳಿನಲ್ಲಿ ಒತ್ತಿದಾಗ ನಡುವೆ ಸುಣ್ಣದ ಕಡ್ಡಿಯಂತೆ ಗಟ್ಟಿಯಾಗಿತ್ತು. ಇನ್ನೊಂದು, ಮಿಶ್ರಣವಿದ್ದ ಪಾತ್ರೆಯ ತಳದಲ್ಲಿ ಹದಿನೈದು ನಿಮಿಷದೊಳಗೆ ನೀರು ಒಸರಿತ್ತು.

ಗಟ್ಟಿ ನಡು ಉಳಿದ ರಾಜ್ಮಾ ರುಚಿಯ ಪ್ರಶ್ನೆ ಮಾತ್ರವಲ್ಲ, ಆರೋಗ್ಯದ ಪ್ರಶ್ನೆಯೂ ಹೌದು. ಹಸಿ ರಾಜ್ಮಾದಲ್ಲಿ ಫೈಟೋಹೀಮಗ್ಲುಟಿನಿನ್ ಎಂಬ ಲೆಕ್ಟಿನ್, ಅಂದರೆ ಒಂದು ಬಗೆಯ ಪ್ರೋಟೀನ್ ಇರುತ್ತದೆ. ಸರಿಯಾಗಿ ಬೇಯದ ಕಾಳು ಸ್ವಲ್ಪವೇ ಹೊಟ್ಟೆಗೆ ಹೋದರೂ ಕೆಲವು ಗಂಟೆಗಳಲ್ಲಿ ವಾಂತಿ, ಭೇದಿ ಶುರುವಾಗಬಹುದು. ಕನಿಷ್ಠ ಐದು ಗಂಟೆ ನೆನೆಸಿ, ಆ ನೀರನ್ನು ಚೆಲ್ಲಿ, ಹೊಸ ನೀರಿನಲ್ಲಿ ಚೆನ್ನಾಗಿ ಕುದಿಸಿದರೆ ಅದು ನಾಶವಾಗುತ್ತದೆ. ಕುದಿ ಬಾರದಂತೆ ಸಣ್ಣ ಬಿಸಿಯಲ್ಲಿ ಗಂಟೆಗಟ್ಟಲೆ ಇಟ್ಟರೆ ನಾಶವಾಗುವುದಿಲ್ಲ. ಬೆಂಗಳೂರು ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಎತ್ತರದಲ್ಲಿರುವುದರಿಂದ ಇಲ್ಲಿ ನೀರು 97 ಡಿಗ್ರಿ ಆಸುಪಾಸಿನಲ್ಲೇ ಕುದಿಯುತ್ತದೆ. ಕುಕ್ಕರಿನೊಳಗೆ ಶಾಖ 120 ಡಿಗ್ರಿಯ ಹತ್ತಿರ ಹೋಗುತ್ತದೆ. ಆದ್ದರಿಂದ ರಾಜ್ಮಾಕ್ಕೆ ಕುಕ್ಕರೇ ಸರಿ ಎಂದು ನಿರ್ಧರಿಸಿದೆ. ಆದರೆ ಕೂಗಿನ ಲೆಕ್ಕ ಸಾಲದು, ಹೊತ್ತಿನ ಲೆಕ್ಕ ಬೇಕು.

ಎರಡನೆಯ ಸಲ, ಡಿಸೆಂಬರ್ 14

ಒಡೆಯುವ ಟಿಕ್ಕಿಗೆ ಎಲ್ಲರೂ ಹೇಳುವ ಪರಿಹಾರ ಒಂದೇ: ಇನ್ನಷ್ಟು ಹಿಟ್ಟು ಹಾಕಿ. ಅದನ್ನೇ ಮಾಡಿದೆ. ಕಡಲೆಹಿಟ್ಟು 50 ಗ್ರಾಂ, ಕಾರ್ನ್‌ಫ್ಲೋರ್ 30 ಗ್ರಾಂ. ರಾಜ್ಮಾವನ್ನು ಈ ಸಲ ರಾತ್ರಿಯಿಡೀ ನೆನೆಸಿ ಮೆತ್ತಗೆ ಬೇಯಿಸಿದ್ದೆ. ಮೊದಲ ಸಲ ನುಣ್ಣಗಾಗಲಿಲ್ಲವೆಂದು ಆಲೂಗಡ್ಡೆಯನ್ನು ಮಿಕ್ಸಿಯಲ್ಲಿ ಒಂದು ಸುತ್ತು ತಿರುಗಿಸಿದೆ. ಉಳಿದದ್ದೆಲ್ಲ ಹಿಂದಿನಂತೆಯೇ.

ಟಿಕ್ಕಿಗಳು ನಿಂತವು. ಒಂದೂ ಒಡೆಯಲಿಲ್ಲ. ಆದರೆ ತಿನ್ನುವುದಕ್ಕೆ ಆಗಲಿಲ್ಲ. ಹಲ್ಲಿಗೆ ಜಿಗುಟಾಗಿ ಅಂಟುತ್ತಿದ್ದವು, ಕಡಲೆಹಿಟ್ಟಿನ ಹಸಿ ವಾಸನೆ ನಡುವಿನಲ್ಲಿ ಉಳಿದಿತ್ತು, ಮಸಾಲೆಯ ರುಚಿ ಹಿಟ್ಟಿನಡಿಯಲ್ಲಿ ಹೂತುಹೋಗಿತ್ತು. ಅಮ್ಮ ಒಂದನ್ನು ಮುರಿದು ನೋಡಿ, “ಇದು ಕಾಳಿನ ಟಿಕ್ಕಿ ಅಲ್ಲ ಕಣಪ್ಪ, ಹಿಟ್ಟಿನುಂಡೆ. ನೀರು ಬಿಟ್ಟದ್ದನ್ನ ಹಿಟ್ಟು ಹಾಕಿ ಮುಚ್ಚಿದ್ದೀಯ ಅಷ್ಟೇ. ಸಂಡಿಗೆ ಮಾಡುವಾಗ ಬೂದುಗುಂಬಳ ಹಿಂಡೋದಿಲ್ವಾ ನಾವು?” ಎಂದರು.

ಆ ಮಾತಿನಿಂದ ನನ್ನ ಲೆಕ್ಕವೇ ಬದಲಾಯಿತು. ಅಲ್ಲಿಯವರೆಗೆ ಯಾವುದನ್ನು ಸೇರಿಸಿದರೆ ಟಿಕ್ಕಿ ನಿಂತೀತು ಎಂದು ಯೋಚಿಸುತ್ತಿದ್ದೆ. ಯೋಚಿಸಬೇಕಾದದ್ದು ಯಾವುದನ್ನು ತೆಗೆಯಬೇಕು ಎಂಬುದನ್ನು. ಆಲೂಗಡ್ಡೆಯ ತೂಕದಲ್ಲಿ ನೂರಕ್ಕೆ ಸುಮಾರು 80 ಪಾಲು ನೀರೇ ಇರುತ್ತದೆ. ಒಣ ಕಾಳು ನೆನೆದು ಬೇಯುವಷ್ಟರಲ್ಲಿ ತನ್ನ ತೂಕಕ್ಕಿಂತ ಹೆಚ್ಚು ನೀರನ್ನು ಹೀರಿಕೊಳ್ಳುತ್ತದೆ. ಈರುಳ್ಳಿಯಲ್ಲಿ ನೀರು ಆಲೂಗಡ್ಡೆಯಲ್ಲಿ ಇರುವುದಕ್ಕಿಂತಲೂ ಹೆಚ್ಚು, ಉಪ್ಪು ಸೋಕಿದೊಡನೆ ಅದು ಹೊರಗೆ ಬರುತ್ತದೆ. ತೊಳೆದ ಸೊಪ್ಪಿನಲ್ಲಿ ನೀರು, ನಿಂಬೆರಸವೂ ನೀರು. ಈ ಪ್ರತಿಯೊಂದರಲ್ಲೂ ಸ್ವಲ್ಪ ಸ್ವಲ್ಪ ಇಳಿಸಿದರೆ ಹಿಟ್ಟಿನ ಅಗತ್ಯವೇ ಬಹಳ ಕಡಿಮೆಯಾಗಬೇಕು ಎಂದುಕೊಂಡು ಮೂರನೆಯ ಸಲಕ್ಕೆ ಎರಡು ವಾರ ತೆಗೆದುಕೊಂಡೆ.

ಮಿಕ್ಸಿಯ ತಪ್ಪನ್ನೂ ಇಲ್ಲಿಯೇ ಹೇಳಿಬಿಡುತ್ತೇನೆ. ಬೆಂದ ಆಲೂಗಡ್ಡೆಯ ಕಣಗಳೊಳಗೆ ಪಿಷ್ಟ ನೀರು ಕುಡಿದು ಉಬ್ಬಿಕೊಂಡಿರುತ್ತದೆ. ನಿಧಾನವಾಗಿ ಹಿಸುಕಿದರೆ ಕಣಗಳು ಒಂದರಿಂದೊಂದು ಬಿಡಿಬಿಡಿಯಾಗುತ್ತವೆ, ಪಿಷ್ಟ ಒಳಗೇ ಉಳಿಯುತ್ತದೆ. ಮಿಕ್ಸಿಯ ಬ್ಲೇಡು ಆ ಕಣಗಳನ್ನು ಕತ್ತರಿಸಿದಾಗ ಪಿಷ್ಟವೆಲ್ಲ ಹೊರಗೆ ಬಂದು ಗೋಂದಾಗುತ್ತದೆ. ಹಾಗಾದ ಮೇಲೆ ಅದನ್ನು ಸರಿಪಡಿಸುವ ದಾರಿ ಯಾವುದೂ ಇಲ್ಲ.

ಮೂರನೆಯ ಸಲ, ಡಿಸೆಂಬರ್ 28

ಆಲೂಗಡ್ಡೆಯಿಂದಲೇ ಆರಂಭಿಸಿದೆ. ಶಿಮ್ಲಾದ ಕೇಂದ್ರೀಯ ಆಲೂಗಡ್ಡೆ ಸಂಶೋಧನಾ ಸಂಸ್ಥೆ ರೂಪಿಸಿದ ಕುಫ್ರಿ ಜ್ಯೋತಿ ತಳಿಯನ್ನು ಹಾಸನದ ಸುತ್ತಮುತ್ತ ದಶಕಗಳಿಂದ ಬೆಳೆಯುತ್ತಿದ್ದಾರೆ. ಆದರೆ ತರಕಾರಿ ಗಾಡಿಯಲ್ಲಿ ಆಲೂಗಡ್ಡೆ ಬರುವುದು ತಳಿಯ ಹೆಸರಿಲ್ಲದೆಯೇ. ಉಗುರಿನಿಂದ ಉಜ್ಜಿದರೆ ಸಿಪ್ಪೆ ಸುಲಿದುಬರುವ ಹೊಸ ಆಲೂಗಡ್ಡೆಯಲ್ಲಿ ನೀರು ಹೆಚ್ಚು, ಪಿಷ್ಟ ಕಡಿಮೆ. ಅದು ಪಲ್ಯಕ್ಕೆ ಚೆನ್ನ, ಟಿಕ್ಕಿಗೆ ಅಲ್ಲ. ಸಿಪ್ಪೆ ಗಟ್ಟಿಯಾಗಿ ಅಂಟಿಕೊಂಡಿರುವ, ಬಲಿತ, ಮೊಳಕೆ ಬಾರದ, ಹಸಿರು ಬಣ್ಣ ಇಲ್ಲದ ಗಡ್ಡೆಗಳನ್ನು ಆರಿಸಬೇಕು. ಅನುಮಾನವಿದ್ದರೆ ಹನ್ನೊಂದು ಪಾಲು ನೀರಿಗೆ ಒಂದು ಪಾಲು ಉಪ್ಪು ಕರಗಿಸಿ ಅದರಲ್ಲಿ ಗಡ್ಡೆಯನ್ನು ಬಿಟ್ಟು ನೋಡಬಹುದು: ಪಿಷ್ಟ ಹೆಚ್ಚಿರುವ ಗಡ್ಡೆ ಮುಳುಗುತ್ತದೆ, ನೀರು ಹೆಚ್ಚಿರುವುದು ತೇಲುತ್ತದೆ. ನಾನು ತಂದ ಆರರಲ್ಲಿ ನಾಲ್ಕು ಮುಳುಗಿದವು. ಆ ನಾಲ್ಕನ್ನೇ ಬಳಸಿದೆ, ಒಟ್ಟು 500 ಗ್ರಾಂ ಬಂತು.

ಬೇಯಿಸುವ ಕ್ರಮವನ್ನು ಪರೀಕ್ಷಿಸಲು ಉಳಿದೆರಡು ಗಡ್ಡೆಗಳು ಉಪಯೋಗಕ್ಕೆ ಬಂದವು. ಒಂದನ್ನು ಸಿಪ್ಪೆ ಹೆರೆದು ಹೋಳು ಮಾಡಿ 120 ಗ್ರಾಂ ತೂಗಿ ನೀರಿನಲ್ಲಿ ಬೇಯಿಸಿದೆ. ಬೆಂದ ಮೇಲೆ 129 ಗ್ರಾಂ ಇತ್ತು. ಇನ್ನೊಂದನ್ನು ಇಡಿಯಾಗಿ, ಸಿಪ್ಪೆಯ ಸಮೇತ ಇಡ್ಲಿ ಪಾತ್ರೆಯಲ್ಲಿ ಹಬೆಯ ಮೇಲೆ ಬೇಯಿಸಿದೆ. ಅದರ ತೂಕ ಹೆಚ್ಚಾಗಲಿಲ್ಲ, 3 ಗ್ರಾಂ ಕಡಿಮೆಯೇ ಆಯಿತು. ಅರ್ಧ ಕಿಲೋಗೆ ಲೆಕ್ಕ ಹಾಕಿದರೆ ಸುಮಾರು 50 ಗ್ರಾಂ ವ್ಯತ್ಯಾಸ. ಎರಡನೆಯ ಸಲ ನಾನು ಹಾಕಿದ 80 ಗ್ರಾಂ ಹಿಟ್ಟಿನ ದೊಡ್ಡ ಭಾಗ ಈ ನೀರನ್ನು ಕುಡಿಯುವುದಕ್ಕೇ ಹೋಗಿತ್ತು.

ಆದ್ದರಿಂದ ನಾಲ್ಕು ಗಡ್ಡೆಗಳನ್ನೂ ಇಡಿಯಾಗಿ ಅರ್ಧ ಗಂಟೆ ಹಬೆಯಲ್ಲಿ ಬೇಯಿಸಿ, ಬಿಸಿ ಇರುವಾಗಲೇ ಸಿಪ್ಪೆ ತೆಗೆದು, ತಲಾ ನಾಲ್ಕು ತುಂಡು ಮಾಡಿ ಅಗಲ ತಟ್ಟೆಯಲ್ಲಿ ಬಿಡಿಬಿಡಿಯಾಗಿ ಹರಡಿದೆ. ಬಿಸಿ ಗಡ್ಡೆಯನ್ನು ತುಂಡು ಮಾಡಿದ ಕೂಡಲೇ ಏಳುವ ಹಬೆಯೂ ಹೊರಗೆ ಹೋಗುತ್ತಿರುವ ನೀರೇ. ಇಡಿಯಾಗಿ ಆರಲು ಬಿಟ್ಟರೆ ಅದು ಒಳಗೇ ಉಳಿದುಬಿಡುತ್ತದೆ. ಪೂರ್ತಿ ತಣ್ಣಗಾದಾಗ 452 ಗ್ರಾಂ ತೂಗಿತು. ಆಮೇಲೆ ಒಂದು ಗಂಟೆ ಫ್ರಿಜ್ಜಿನಲ್ಲಿಟ್ಟು, ತುರಿಯುವ ಮಣೆಯ ದೊಡ್ಡ ತೂತಿನಲ್ಲಿ ತುರಿದೆ. ತಣ್ಣಗಾದಾಗ ಪಿಷ್ಟ ಬಿಗಿದುಕೊಳ್ಳುವುದರಿಂದ ತುರಿ ಎಳೆಎಳೆಯಾಗಿ ಬೀಳುತ್ತದೆ, ಗಂಟೂ ಉಳಿಯುವುದಿಲ್ಲ, ಗೋಂದೂ ಆಗುವುದಿಲ್ಲ. ಈ ಇಡೀ ಕೆಲಸದಲ್ಲಿ ನನಗೆ ಅತ್ಯಂತ ಹೆಚ್ಚು ಫಲ ಕೊಟ್ಟ ಬದಲಾವಣೆ ಇದು.

ಇನ್ನು ರಾಜ್ಮಾ. ನಮ್ಮ ಮನೆಗೆ ಬರುವುದು ಬೋರ್‌ವೆಲ್ ನೀರು. ಗಡಸು ನೀರಿನಲ್ಲಿರುವ ಕ್ಯಾಲ್ಸಿಯಂ ಕಾಳಿನ ಸಿಪ್ಪೆಯನ್ನು ಹಿಡಿದಿಡುವ ಪೆಕ್ಟಿನ್ ಎಂಬ ಪದಾರ್ಥದ ಜೊತೆ ಸೇರಿ ಅದನ್ನು ಬಿಗಿಗೊಳಿಸುವುದರಿಂದ ಕಾಳು ಬೇಗ ಮೆತ್ತಗಾಗುವುದಿಲ್ಲ. ಆದ್ದರಿಂದ ಕುಡಿಯಲು ಶೋಧಿಸಿದ ನೀರು ಒಂದು ಲೀಟರಿಗೆ 15 ಗ್ರಾಂ ಉಪ್ಪು ಹಾಕಿ ಅದರಲ್ಲಿ ರಾತ್ರಿಯಿಡೀ ನೆನೆಸಿದೆ. ನೆನೆಸುವ ನೀರಿಗೆ ಉಪ್ಪು ಹಾಕಿದರೆ ಕಾಳು ಬೇಯುವುದಿಲ್ಲ ಎಂಬ ನಂಬಿಕೆ ನಮ್ಮ ಮನೆಯಲ್ಲೂ ಇತ್ತು. ವಾಸ್ತವದಲ್ಲಿ ಉಪ್ಪಿನ ಸೋಡಿಯಂ ಸಿಪ್ಪೆಯಲ್ಲಿರುವ ಕ್ಯಾಲ್ಸಿಯಂನ ಜಾಗಕ್ಕೆ ಬಂದು ಅದನ್ನು ಮೆತ್ತಗಾಗಿಸುತ್ತದೆ. ಕಾಳನ್ನು ಗಟ್ಟಿಯಾಗಿಯೇ ಉಳಿಸುವುದು ಹುಳಿ: ಹುಣಸೆ, ಟೊಮೆಟೊ, ನಿಂಬೆ ಇವನ್ನು ಕಾಳು ಬೆಂದ ಮೇಲೆಯೇ ಹಾಕಬೇಕು. ಚಿಟಿಕೆ ಅಡುಗೆ ಸೋಡಾ ಹಾಕಿದರೂ ಕಾಳು ಬೇಗ ಬೇಯುತ್ತದೆ ನಿಜ, ಆದರೆ ಸಿಪ್ಪೆ ಕರಗಿ ಕಾಳು ಲೋಳೆಯಾಗುತ್ತದೆ, ರುಚಿಯಲ್ಲಿ ಸಾಬೂನಿನ ಛಾಯೆ ಬರುತ್ತದೆ. ಟಿಕ್ಕಿಗೆ ಅದು ಬೇಡವೇ ಬೇಡ.

ನೆನೆದ ನೀರನ್ನು ಚೆಲ್ಲಿ, ತೊಳೆದು, ಹೊಸ ನೀರಿನಲ್ಲಿ ದೊಡ್ಡ ಉರಿಯಲ್ಲಿ ಒಂದು ಕೂಗು ಬಂದ ಮೇಲೆ ಸಣ್ಣ ಉರಿಯಲ್ಲಿ 20 ನಿಮಿಷ ಇಟ್ಟೆ. ಒತ್ತಡ ತಾನಾಗಿ ಇಳಿಯುವವರೆಗೆ ಮುಚ್ಚಳ ತೆಗೆಯಲಿಲ್ಲ. ಕಾಳನ್ನು ನಾಲಿಗೆಯಿಂದ ಅಂಗುಳಕ್ಕೆ ಒತ್ತಿದರೆ ಕರಗುವಂತಿರಬೇಕು, ಸಿಪ್ಪೆ ಮಾತ್ರ ಹಿಡಿದಿರಬೇಕು. ಕಟ್ಟನ್ನು ಬಸಿದು ಸಾರಿಗೆ ಎತ್ತಿಟ್ಟೆ. ತೂತಿನ ಪಾತ್ರೆಯಲ್ಲಿ ಕಾಲು ಗಂಟೆ ಸೋರಿಸಿದ ಮೇಲೆ 338 ಗ್ರಾಂ ಕಾಳು ಸಿಕ್ಕಿತು. ಅದನ್ನು ಹತ್ತಿಬಟ್ಟೆಯ ಮೇಲೆ ಹರಡಿ, ಆಮೇಲೆ ಎಣ್ಣೆಯಿಲ್ಲದ ಬಾಣಲೆಯಲ್ಲಿ ಸಣ್ಣ ಉರಿಯಲ್ಲಿ ಐದು ನಿಮಿಷ, ಸಿಪ್ಪೆಯ ಮೇಲಿನ ಹೊಳಪು ಹೋಗುವವರೆಗೆ ಕೈಯಾಡಿಸಿದೆ. 304 ಗ್ರಾಮಿಗೆ ಇಳಿಯಿತು. ಮುಕ್ಕಾಲು ಪಾಲನ್ನು ಲೋಟದ ತಳದಿಂದ ಚೆನ್ನಾಗಿ ಹಿಸುಕಿ, ಕಾಲು ಪಾಲನ್ನು ಒಂದೊಂದೇ ಸಲ ಒತ್ತಿ ಅರೆಬರೆ ಬಿಟ್ಟೆ. ಕಾಳು ಬಾಯಿಗೆ ಸಿಗಬೇಕೆಂದರೆ ಇಷ್ಟಾದರೂ ಇರಬೇಕು. ಇಡೀ ಕಾಳು ಉಳಿದರೆ ಮಾತ್ರ ಅದರ ಸುತ್ತ ಬಿರುಕು ಬೀಳುತ್ತದೆ.

ಈರುಳ್ಳಿ 100 ಗ್ರಾಂ ಸಣ್ಣಗೆ ಹೆಚ್ಚಿ, ಒಂದು ಚಮಚ ಎಣ್ಣೆಯಲ್ಲಿ ಅಂಚು ಕೆಂಪಾಗುವವರೆಗೆ ಹುರಿದಾಗ 48 ಗ್ರಾಂ ಉಳಿಯಿತು. ಕೊತ್ತಂಬರಿ ಸೊಪ್ಪನ್ನು ತೊಳೆದು ಬಟ್ಟೆಯಲ್ಲಿ ಸುತ್ತಿ ಒಣಗಿಸಿದ ಮೇಲೆ ಹೆಚ್ಚಿದೆ. ನಿಂಬೆರಸದ ಜಾಗಕ್ಕೆ ಅಮಚೂರ್ ಬಂತು.

ಹಿಟ್ಟಿನಂತೆ ಕೆಲಸ ಮಾಡಲು ಹುರಿಗಡಲೆಯನ್ನು ಆರಿಸಿಕೊಂಡೆ. ಅದು ಮೊದಲೇ ಹುರಿದದ್ದಾದ್ದರಿಂದ ಹಸಿ ವಾಸನೆಯ ಭಯವಿಲ್ಲ, ಒಣಗಿರುವುದರಿಂದ ನೀರನ್ನು ಬೇಗ ಹೀರುತ್ತದೆ, ರುಚಿಯೂ ಕಾಳಿನ ಜಾತಿಯದ್ದೇ. ಮಿಕ್ಸಿಯಲ್ಲಿ ನುಣ್ಣಗೆ ಪುಡಿ ಮಾಡಿ ಜರಡಿ ಹಿಡಿದು 30 ಗ್ರಾಂ ಹಾಕಿದೆ. ಹುರಿಗಡಲೆ ಸಿಗದಿದ್ದರೆ ತೆಳು ಅವಲಕ್ಕಿಯನ್ನು ಬೆಚ್ಚಗೆ ಮಾಡಿ ಪುಡಿ ಮಾಡಿ ಬಳಸಬಹುದು. ಅದರಿಂದ ಹೊರಮೈ ಇನ್ನೂ ಗರಿಗರಿಯಾಗುತ್ತದೆ, ಆದರೆ ಆರಿದ ಮೇಲೆ ಬೇಗ ಗಟ್ಟಿಯಾಗುತ್ತದೆ.

ಎಲ್ಲವನ್ನೂ ಬೆರಳ ತುದಿಯಿಂದ ಬೆರೆಸಿ, ಉಪ್ಪನ್ನು ಎಲ್ಲಕ್ಕಿಂತ ಕೊನೆಯಲ್ಲಿ ಹಾಕಿದೆ. ಚಪಾತಿ ಹಿಟ್ಟಿನಂತೆ ನಾದಬಾರದು. ಹದ ನೋಡಲು ಒಂದು ಹಿಡಿಯನ್ನು ಮುಷ್ಟಿಯಲ್ಲಿ ಹಿಡಿದು ಬಿಟ್ಟರೆ ಬೆರಳಿನ ಗುರುತು ಅಚ್ಚಾಗಿ ಉಳಿಯಬೇಕು, ಅಂಗೈ ಸ್ವಚ್ಛವಾಗಿರಬೇಕು. ಈ ಸಲ ಎರಡೂ ಆಯಿತು. ತಲಾ 60 ಗ್ರಾಮಿನಂತೆ ಹದಿನಾಲ್ಕು ಬಿಲ್ಲೆಗಳಾದವು. ತಟ್ಟೆಯಲ್ಲಿ ಜೋಡಿಸಿ ಮತ್ತೆ ಅರ್ಧ ಗಂಟೆ ಫ್ರಿಜ್ಜಿನಲ್ಲಿಟ್ಟೆ.

ಸ್ಟೀಲ್ ಬಾಣಲೆಯನ್ನು ಬಿಟ್ಟು, ದೋಸೆ ಹುಯ್ದು ಪಳಗಿದ ಬೀಡಿನ ಹೆಂಚನ್ನು ತೆಗೆದುಕೊಂಡೆ. ಹೆಂಚು ಚೆನ್ನಾಗಿ ಕಾದ ಮೇಲೆ ಎರಡು ಚಮಚ ಎಣ್ಣೆ ಹರಡಿ, ಉರಿ ಮಧ್ಯಮಕ್ಕಿಳಿಸಿ, ಐದು ಟಿಕ್ಕಿಗಳನ್ನು ನಡುವೆ ಜಾಗ ಬಿಟ್ಟು ಇಟ್ಟೆ. ನಾಲ್ಕು ನಿಮಿಷ ಮುಟ್ಟಲೇ ಇಲ್ಲ. ಮೊದಲ ಸಲದ ತಪ್ಪು ಅರ್ಧ ಇದೇ ಆಗಿತ್ತು: ತಳದ ನೀರು ಆವಿಯಾಗಿ ಹೋಗುವವರೆಗೆ ಅಲ್ಲಿನ ಶಾಖ 100 ಡಿಗ್ರಿಯನ್ನು ದಾಟುವುದಿಲ್ಲ, ದಾಟದೆ ಕೆಂಪು ಪದರ ಕಟ್ಟುವುದಿಲ್ಲ, ಆ ಪದರ ಕಟ್ಟುವವರೆಗೆ ಟಿಕ್ಕಿ ಹೆಂಚನ್ನು ಬಿಡುವುದಿಲ್ಲ. ಎಣ್ಣೆಯ ಚಟಪಟ ಸದ್ದು ಇಳಿದು ಮೆಲ್ಲಗಾದಾಗ ಹೆಂಚನ್ನು ಸ್ವಲ್ಪ ಅಲುಗಾಡಿಸಿದರೆ ಬಿಲ್ಲೆ ತಾನಾಗಿ ಜಾರಿತು. ಮಗುಚುವ ಕೈಯನ್ನು ಅಂಚಿನಿಂದ ತೂರಿಸಿ ತಿರುಗಿಸಿದೆ. ಹದಿನಾಲ್ಕರಲ್ಲಿ ಒಂದೂ ಒಡೆಯಲಿಲ್ಲ. ಹಿಟ್ಟಿನ ಪಾಲು ಮೊದಲಿನ 80 ಗ್ರಾಮಿನಿಂದ 30ಕ್ಕೆ ಇಳಿದಿತ್ತು.

ರುಚಿ ಮಾತ್ರ ಸಪ್ಪೆ. ಹೊರಗಿನ ಪದರ ಅದ್ಭುತವಾಗಿತ್ತು, ನಡುವಿನಲ್ಲಿ ಮಸಾಲೆ ಹಸಿಯಾಗಿ, ಪುಡಿಪುಡಿಯಾಗಿ ನಾಲಿಗೆಗೆ ಸಿಗುತ್ತಿತ್ತು.

ನಾಲ್ಕನೆಯ ಸಲ, ಜನವರಿ 11

ಟಿಕ್ಕಿಯ ನಡುಭಾಗ ಹೆಂಚಿನ ಮೇಲೆ ಬಿಸಿಯಾಗುತ್ತದೆಯೇ ಹೊರತು ಅಲ್ಲಿ ಮಸಾಲೆ ಹುರಿಯುವಷ್ಟು ಶಾಖ ಸಿಗುವುದಿಲ್ಲ. ಆದ್ದರಿಂದ ಮಸಾಲೆಯನ್ನು ಮೊದಲೇ ಸಿದ್ಧಗೊಳಿಸಿರಬೇಕು. ಒಂದು ದೊಡ್ಡ ಚಮಚ ಕೊತ್ತಂಬರಿ ಬೀಜ, ಒಂದೂವರೆ ಸಣ್ಣ ಚಮಚ ಜೀರಿಗೆ, ಒಂದು ಸಣ್ಣ ಚಮಚ ಸೋಂಪು, ಅರ್ಧ ಸಣ್ಣ ಚಮಚ ಕಾಳುಮೆಣಸು ಇವನ್ನು ಘಮ ಬರುವವರೆಗೆ ಹುರಿದು ಕುಟ್ಟಾಣಿಯಲ್ಲಿ ತರಿತರಿಯಾಗಿ ಕುಟ್ಟಿದೆ. ಈರುಳ್ಳಿ ಹುರಿದ ಎಣ್ಣೆಯಲ್ಲೇ 15 ಗ್ರಾಂ ಜಜ್ಜಿದ ಶುಂಠಿ, ನಾಲ್ಕು ಹಸಿಮೆಣಸಿನಕಾಯಿ, ಚಿಟಿಕೆ ಇಂಗು ಹಾಕಿ ಬಾಡಿಸಿ, ಉರಿ ಆರಿಸಿದ ಮೇಲೆ ಅರಿಶಿನ, ಒಂದು ಸಣ್ಣ ಚಮಚ ಬ್ಯಾಡಗಿ ಮೆಣಸಿನ ಪುಡಿ, ಕುಟ್ಟಿದ ಮಸಾಲೆ ಸೇರಿಸಿದೆ. ಬ್ಯಾಡಗಿಯಲ್ಲಿ ಖಾರಕ್ಕಿಂತ ಬಣ್ಣ ಹೆಚ್ಚು, ಆ ಬಣ್ಣ ಎಣ್ಣೆಯಲ್ಲಿ ಬಿಡುತ್ತದೆ. ಒಣ ಪುಡಿಯಾಗಿ ಮಿಶ್ರಣಕ್ಕೆ ಸುರಿದರೆ ಅದು ಸುಮ್ಮನೆ ಚುಕ್ಕೆಗಳಾಗಿ ಉಳಿಯುತ್ತದೆ. ಒಂದೂವರೆ ಸಣ್ಣ ಚಮಚ ಅಮಚೂರ್, ಅರ್ಧ ಸಣ್ಣ ಚಮಚ ಗರಂ ಮಸಾಲೆ, 10 ಗ್ರಾಂ ಉಪ್ಪು ಕೊನೆಯಲ್ಲಿ. ಒಟ್ಟು ಮಿಶ್ರಣ 850 ಗ್ರಾಂ ಆಸುಪಾಸು ಇದ್ದದ್ದರಿಂದ ಈ ಉಪ್ಪು ಸರಿಹೊಂದಿತು. ಆದರೂ ಎಲ್ಲವನ್ನೂ ತಟ್ಟುವ ಮೊದಲು ಎರಡು ರೂಪಾಯಿ ನಾಣ್ಯದಷ್ಟು ಬಿಲ್ಲೆಯೊಂದನ್ನು ಹೆಂಚಿನ ಮೇಲೆ ಬೇಯಿಸಿ ತಿಂದು ನೋಡುವುದನ್ನು ಯಾರೂ ತಪ್ಪಿಸಬಾರದು ಎಂದು ಒತ್ತಿ ಹೇಳುತ್ತೇನೆ. ತಣ್ಣನೆಯ ಮಿಶ್ರಣವನ್ನು ನಾಲಿಗೆಗೆ ಹಚ್ಚಿ ನೋಡಿದರೆ ಉಪ್ಪಿನ ಅಂದಾಜು ಸಿಗುವುದಿಲ್ಲ.

ರುಚಿ ಗೆದ್ದಿತು, ಆದರೆ ಈ ಸಲ ಬೇರೆ ಎರಡು ತೊಂದರೆಗಳು ಬಂದವು. ಒಣಗಿಸುವ ಉತ್ಸಾಹದಲ್ಲಿ ರಾಜ್ಮಾವನ್ನು ಹನ್ನೆರಡು ನಿಮಿಷ ಹುರಿದುಬಿಟ್ಟಿದ್ದೆ. 268 ಗ್ರಾಮಿಗೆ ಇಳಿದಿತ್ತು. ಬಿಲ್ಲೆ ತಟ್ಟುವಾಗ ಅಂಚಿನಲ್ಲಿ ಸುತ್ತಲೂ ಸೀಳು ಬಂತು. ನೀರು ಹೆಚ್ಚಾದರೆ ಟಿಕ್ಕಿ ಕರಗಿ ಬೀಳುತ್ತದೆ, ತೀರಾ ಕಡಿಮೆಯಾದರೆ ಚಕ್ಕುಲಿ ಹಿಟ್ಟು ಒತ್ತಿನಲ್ಲಿ ತುಂಡಾಗುವಂತೆ ಬಿರಿಯುತ್ತದೆ. ಎತ್ತಿಟ್ಟಿದ್ದ ಕಟ್ಟನ್ನು ಒಂದೊಂದೇ ಚಮಚದಂತೆ ಎರಡು ಚಮಚ ಸೇರಿಸಿ, ಹತ್ತು ನಿಮಿಷ ಬಿಟ್ಟು ತಟ್ಟಿದಾಗ ಅಂಚು ಕೂಡಿಕೊಂಡಿತು. ಅಂಚನ್ನು ಹೆಬ್ಬೆರಳಿನಿಂದ ಸುತ್ತಲೂ ನೇವರಿಸಿ ನಯ ಮಾಡುವುದು ಅಂದಕ್ಕಾಗಿ ಅಲ್ಲ. ಅಂಚಿನ ಸಣ್ಣ ಸೀಳಿನಿಂದಲೂ ಟಿಕ್ಕಿ ಹೆಂಚಿನ ಮೇಲೆ ಒಡೆಯಲು ಶುರುವಾಗಬಹುದು. ದಪ್ಪ ಒಂದೂವರೆ ಸೆಂಟಿಮೀಟರ್ ಇರಲಿ. ಅದಕ್ಕಿಂತ ತೆಳುವಾದರೆ ಒಳಗಿನ ಮೃದುತನ ಹೋಗುತ್ತದೆ, ದಪ್ಪವಾದರೆ ನಡುವೆ ಬಿಸಿ ತಾಗುವಷ್ಟರಲ್ಲಿ ಹೊರಗೆ ಸೀಯುತ್ತದೆ.

ಎರಡನೆಯ ತೊಂದರೆ ಆಲೂಗಡ್ಡೆಯದು. ನೋಡಲು ಹಿಂದಿನದರಂತೆಯೇ ಇದ್ದ, ಉಪ್ಪುನೀರಿನಲ್ಲಿ ಮುಳುಗಿದ ಗಡ್ಡೆಗಳೇ. ಆದರೂ ಎರಡೇ ನಿಮಿಷಕ್ಕೆ ತಳ ಕಂದಾಗಿ ಮೂರಕ್ಕೆ ಕಪ್ಪಾಯಿತು, ಒಳಗೆ ಇನ್ನೂ ತಣ್ಣಗಿತ್ತು. ಬೆಂದ ತುಂಡನ್ನು ಬರಿದೆ ತಿಂದು ನೋಡಿದಾಗ ಕಾರಣ ತಿಳಿಯಿತು: ಅದು ಸಿಹಿಯಾಗಿತ್ತು. ಹಸಿ ಆಲೂಗಡ್ಡೆಯನ್ನು ಶೀತಲಗೃಹದ ತಂಪಿನಲ್ಲಿ ಬಹಳ ದಿನ ಇಟ್ಟರೆ ಅದರ ಪಿಷ್ಟದ ಒಂದು ಪಾಲು ಸಕ್ಕರೆಯಾಗುತ್ತದೆ, ಸಕ್ಕರೆ ಹೆಂಚಿನ ಮೇಲೆ ಬೇಗ ಕಪ್ಪಾಗುತ್ತದೆ. ಮನೆಯ ಫ್ರಿಜ್ಜಿನಲ್ಲಿಟ್ಟರೂ ಹೀಗೆಯೇ ಆಗುತ್ತದೆ. ಹಸಿ ಗಡ್ಡೆಯನ್ನು ಅಲ್ಲಿಡಬಾರದು, ಬೆಂದದ್ದನ್ನು ಇಡಬಹುದು. ಉಳಿದ ಟಿಕ್ಕಿಗಳನ್ನು ಸಣ್ಣ ಉರಿಯಲ್ಲಿ, ತಲಾ ಆರು ನಿಮಿಷದಂತೆ ಬೇಯಿಸಿ ಕಾಪಾಡಿಕೊಂಡೆ. ಅಂದಿನಿಂದ ಹೊಸದಾಗಿ ತಂದ ಆಲೂಗಡ್ಡೆಯಲ್ಲಿ ಒಂದನ್ನು ಬೇಯಿಸಿ ತಿಂದು ನೋಡದೆ ಟಿಕ್ಕಿಗೆ ಕೈಹಾಕುವುದಿಲ್ಲ. ಸಿಹಿಯಾಗಿದ್ದರೆ ಕೋಣೆಯ ಶಾಖದಲ್ಲಿ, ಬೆಳಕು ಬೀಳದ ಕಡೆ ಎರಡು ವಾರ ಬಿಟ್ಟರೆ ಸಕ್ಕರೆ ಸಾಕಷ್ಟು ಇಳಿಯುತ್ತದೆ.

ಅಂದು ತಟ್ಟಿದ್ದರಲ್ಲಿ ಆರನ್ನು ಡಬ್ಬಿಯಲ್ಲಿ, ನಡುನಡುವೆ ಬಾಳೆಲೆಯ ಚೂರು ಇಟ್ಟು, ಫ್ರಿಜ್ಜಿನಲ್ಲಿ ಉಳಿಸಿ ಮರುದಿನ ಸಂಜೆ ಬೇಯಿಸಿದೆ. ಅವು ಅಂದಿನವಕ್ಕಿಂತ ಗಟ್ಟಿಯಾಗಿ ನಿಂತವು, ಮಸಾಲೆಯೂ ಹೆಚ್ಚು ಬೆರೆತಿತ್ತು. ನೆಂಟರು ಬರುವ ದಿನಕ್ಕೆ ಹಿಂದಿನ ದಿನವೇ ತಟ್ಟಿಡುವುದು ಲೇಸು. ಬೆಂದ ಕಾಳು, ಆಲೂಗಡ್ಡೆಯ ಮಿಶ್ರಣವನ್ನು ಅಡುಗೆಮನೆಯ ಕಟ್ಟೆಯ ಮೇಲೆ ಗಂಟೆಗಟ್ಟಲೆ ಬಿಡಬಾರದು.

ಐದನೆಯ ಸಲ, ಜನವರಿ 25

ಜನವರಿಯಲ್ಲಿ ಅವರೆಕಾಯಿಯ ಕಾಲ. ಮನೆಗೆ ಅವರೆ ಬಂದಿರುವಾಗ ರಾಜ್ಮಾ ನೆನೆಹಾಕುವುದು ಅಮ್ಮನಿಗೆ ಸರಿ ಕಾಣಲಿಲ್ಲ. ಹಿಂದಿನ ರಾತ್ರಿ ಸುಲಿದ ಕಾಳನ್ನು ನೀರಿನಲ್ಲಿ ಹಾಕಿಟ್ಟು, ಬೆಳಗ್ಗೆ ಇಬ್ಬರೂ ಕೂತು ಹಿತುಕಿದೆವು. ಹೆಬ್ಬೆರಳು ಮತ್ತು ತೋರುಬೆರಳ ನಡುವೆ ಒತ್ತಿದರೆ ಬೇಳೆ ಚಿಮ್ಮಿ ಬರುತ್ತದೆ, ಸಿಪ್ಪೆ ಕೈಯಲ್ಲಿ ಉಳಿಯುತ್ತದೆ. 300 ಗ್ರಾಂ ಹಿತಕಿದ ಬೇಳೆಗೆ ಮುಕ್ಕಾಲು ಗಂಟೆ ಹಿಡಿಯಿತು.

ರಾಜ್ಮಾದ ಲೆಕ್ಕ ಇಲ್ಲಿ ನಡೆಯುವುದಿಲ್ಲ. ಹಸಿ ಅವರೆಬೇಳೆಯನ್ನು ಕುಕ್ಕರಿಗೆ ಹಾಕಿದರೆ ಗಂಜಿಯಾಗುತ್ತದೆ. ತೆರೆದ ಪಾತ್ರೆಯಲ್ಲಿ ಹತ್ತು ಹನ್ನೆರಡು ನಿಮಿಷ ಕುದಿಸಿದರೆ ಬೆರಳಿಗೆ ಮೆತ್ತಗೆ ಸಿಗುತ್ತದೆ. ಬಸಿದು, ಬಟ್ಟೆಯ ಮೇಲೆ ಹರಡಿ, ಬಾಣಲೆಯಲ್ಲಿ ಮೂರೇ ನಿಮಿಷ ಆಡಿಸಿದೆ. ಸಿಪ್ಪೆ ಇಲ್ಲದ್ದರಿಂದ ಹಿಸುಕಿದಾಗ ಇದು ಬೆಣ್ಣೆಯಂತೆ ನುಣ್ಣಗಾಗುತ್ತದೆ. ಹಾಗಾಗಿ ಹುರಿಗಡಲೆ ಪುಡಿಯನ್ನು 40 ಗ್ರಾಮಿಗೆ ಏರಿಸಿ, ಆಲೂಗಡ್ಡೆಯನ್ನು 400 ಗ್ರಾಮಿಗೆ ಇಳಿಸಿದೆ. ಒಂದು ಹಿಡಿ ಬೇಳೆಯನ್ನು ಹಿಸುಕದೆ ಹಾಗೆಯೇ ಬೆರೆಸಿದೆ. ಈ ಬೇಳೆ ಮೃದುವಾದ್ದರಿಂದ ಬಿರುಕು ತರಲಿಲ್ಲ.

ಮಸಾಲೆಯ ಬಗ್ಗೆ ನಮ್ಮಿಬ್ಬರಲ್ಲಿ ಚರ್ಚೆಯೇ ನಡೆಯಿತು. ನಾಲ್ಕನೆಯ ಸಲದ ಮಸಾಲೆ ಗೆದ್ದಿತ್ತೆಂದು ಅದನ್ನೇ ಹಾಕಲು ಹೊರಟಿದ್ದೆ. ಅಮ್ಮ, “ಸೊಗಡಿಗೆ ಗರಂ ಮಸಾಲೆ ಹಾಕಿ ಕೊಲ್ಲಬೇಡ” ಎಂದು ಡಬ್ಬಿಯನ್ನು ತೆಗೆದು ಪಕ್ಕಕ್ಕಿಟ್ಟರು. ಸಿಪ್ಪೆ ತೆಗೆದ ಬೇಳೆಯಲ್ಲಿ ಅವರೆಯ ಸೊಗಡು ಮೊದಲೇ ಸ್ವಲ್ಪ ಕಡಿಮೆ. ಸೋಂಪು, ಲವಂಗ, ಚಕ್ಕೆ ಬಿದ್ದರೆ ಇದ್ದದ್ದೂ ಕಾಣದಾಗುತ್ತದೆ. ಹಸಿಮೆಣಸಿನಕಾಯಿ, ಶುಂಠಿ, ಇಂಗು, ಹುರಿದ ಜೀರಿಗೆ, ಅರ್ಧ ಚಮಚ ಅಮಚೂರ್ ಇಷ್ಟೇ ಉಳಿಸಿಕೊಂಡು, ಕೊತ್ತಂಬರಿಯ ಜಾಗಕ್ಕೆ ಸಬ್ಬಸಿಗೆ ಸೊಪ್ಪು ಹಾಕಿದೆವು. ಅವರೆಗೂ ಸಬ್ಬಸಿಗೆಗೂ ನಮ್ಮ ಅಡುಗೆಯಲ್ಲಿ ಹಳೆಯ ನಂಟಿದೆ, ಅಕ್ಕಿರೊಟ್ಟಿಯಲ್ಲಿ ಅದನ್ನು ತಿಂದವರಿಗೆ ವಿವರಿಸಬೇಕಾಗಿಲ್ಲ.

ಹೆಂಚಿನ ಮೇಲೆ ಹನ್ನೆರಡು ಟಿಕ್ಕಿಗಳೂ ನಿಂತವು. ಬಣ್ಣ ರಾಜ್ಮಾದಷ್ಟು ಕೆಂಪಲ್ಲ, ಹೊಂಬಣ್ಣದ ಪದರದೊಳಗೆ ತಿಳಿಹಸಿರು. ಚಟ್ನಿಯನ್ನು ಮೇಲೆ ಸುರಿಯದೆ ಪಕ್ಕದಲ್ಲಿಟ್ಟುಕೊಂಡೆವು, ಇಷ್ಟು ಪಾಡುಪಟ್ಟು ಕಟ್ಟಿದ ಗರಿಗರಿ ಪದರ ಚಟ್ನಿಯ ನೀರಿಗೆ ಎರಡೇ ನಿಮಿಷದಲ್ಲಿ ಮೆತ್ತಗಾಗುತ್ತದೆ. ಉಳಿದ ಮೂರನ್ನು ರಾತ್ರಿ ಎಣ್ಣೆಯಿಲ್ಲದ ಹೆಂಚಿನ ಮೇಲೆ ಸಣ್ಣ ಉರಿಯಲ್ಲಿ ಬಿಸಿ ಮಾಡಿದಾಗ ಪದರ ಮತ್ತೆ ಗರಿಗರಿಯಾಯಿತು.

ಅಮ್ಮ ಎರಡನ್ನು ತಿಂದು, “ಮುಂದಿನ ಸಲ ಸಬ್ಬಸಿಗೆ ಇನ್ನೊಂದು ಹಿಡಿ ಇರಲಿ” ಎಂದರು. ಅದನ್ನು ಬರೆದುಕೊಂಡಿದ್ದೇನೆ. ಅದರ ಕೆಳಗೆ, ಇನ್ನೊಂದು ಹಿಡಿ ಸೊಪ್ಪೆಂದರೆ ಇನ್ನಷ್ಟು ನೀರು ಎಂಬುದನ್ನು ನೆನಪಿಟ್ಟು, ಸೊಪ್ಪನ್ನು ಹಿಂದಿನ ರಾತ್ರಿಯೇ ತೊಳೆದು ಬಟ್ಟೆಯ ಮೇಲೆ ಆರಹಾಕಬೇಕೆಂದೂ ಬರೆದಿದ್ದೇನೆ.